ಪೆಡಿಯೋಸ್ ನದಿಗೆ ನಾನು ನೀರು ಬಿಟ್ಟ ವರ್ಷ

ಸೈಪ್ರಸ್ ದ್ವೀಪದ ಪೆಡಿಯೋಸ್ ನದಿಯನ್ನು ನಾನು ನೋಡಿಲ್ಲ, ಇನ್ನು ಮುಂದೆ ನೋಡುವ ಸಂಭವವೂ ಇಲ್ಲ. ಆದರೆ ಅದರ ಮೇಲೆ ನೂರಾ ಎಂಬತ್ತು ಪುಟಗಳ ಎಂ.ಫಿಲ್. ಪ್ರಬಂಧ ಬರೆದಿದ್ದೇನೆ. ಅದರಲ್ಲಿ ಈಗ ಉಳಿದಿರುವ ಪ್ರತಿ ಮಾತನ್ನೂ ಇವತ್ತಿಗೂ ಸಮರ್ಥಿಸಬಲ್ಲೆ. ಅಷ್ಟು ಧೈರ್ಯ ನನಗಿದೆ. ಧೈರ್ಯ ಸ್ವಲ್ಪ ಕಡಿಮೆ ಇರುವುದು ಆ ಪ್ರಬಂಧ ಹೇಗಾಯಿತು ಎಂಬ ಕಥೆಯ ಬಗ್ಗೆ. ಅದನ್ನು ಬಹಳ ಸಲ ಹೇಳಿದ್ದೇನೆ: ಕಾಲೇಜಿನ ಸ್ಟಾಫ್ ರೂಮಿನಲ್ಲಿ, ಮದುವೆ ಮನೆಗಳಲ್ಲಿ, ಎಸ್.ಟಿ. ಬಸ್ಸಿನಲ್ಲಿ ಪಕ್ಕ ಕೂತವರಿಗೆ. ಹೇಳಿದ ಹಾಗೆಲ್ಲ ಅದು ಇನ್ನಷ್ಟು ಚೆಂದವಾಗುತ್ತ ಬಂದಿದೆ. ಚೆಂದವಾಗುತ್ತ ಹೋಗುವ ನೆನಪಿನ ಮೇಲೆ ನನಗೆ ನಂಬಿಕೆ ಕಡಿಮೆ. ಅದಕ್ಕೇ ಈ ಸಲ ಆ ವರ್ಷದ ದಿನಚರಿಗಳನ್ನು ಪಕ್ಕದಲ್ಲಿ ತೆರೆದಿಟ್ಟುಕೊಂಡು ಬರೆಯುತ್ತಿದ್ದೇನೆ.

ನಮ್ಮೂರು ಸಾಂಗ್ಲಿ ಜಿಲ್ಲೆಯ ಜತ್ತ ತಾಲೂಕಿನಲ್ಲಿ, ಉಮದಿಗೂ ಉಟಗಿಗೂ ನಡುವೆ. ಅಬ್ಬಾ, ಎಂದರೆ ನನ್ನ ಅಪ್ಪ, ಗೌಂಡಿ. ಕಲ್ಲಿನ ಗೋಡೆ ಕಟ್ಟುವುದು ಅವನ ಮುಖ್ಯ ಕೆಲಸವಾದರೂ, ಬೇಸಿಗೆ ಬಂತೆಂದರೆ ಊರಿನ ಅರ್ಧ ಮನೆಗಳ ಮಾಳಿಗೆಯ ಮೇಲೆ ಅವನೇ ಇರುತ್ತಿದ್ದ. ನಮ್ಮ ಕಡೆಯ ಹಳೆಯ ಮನೆಗಳ ಮಾಳಿಗೆ ಮಣ್ಣಿನದು. ಜೂನಿನಲ್ಲಿ ಶುರುವಾಗುವ ಮಿರಗದ ಮಳೆಗೆ ಮೊದಲು ಅದರ ಮೇಲೆ ಒಂದು ಪದರು ಬಿಳಿ ಮಣ್ಣು ಹಾಕಿ ತುಳಿದು ಕೂಡಿಸದಿದ್ದರೆ ಮನೆಯೊಳಗೆ ಸೋರುತ್ತದೆ. ನಾವು ಮನೆಯಲ್ಲಿ ಕನ್ನಡ, ನೆಂಟರು ಬಂದರೆ ದಖನಿ, ಪಂಚಾಯತಿಯಲ್ಲಿ ಮರಾಠಿ ಮಾತಾಡುವವರು. ನಮ್ಮ ಓಣಿಯಿಂದ ಬಿ.ಎ. ದಾಟಿ ಹೋದ ಮೊದಲ ಹುಡುಗಿ ನಾನು. ತೊಂಬತ್ತರ ದಶಕದ ಕೊನೆಯಲ್ಲಿ ಗಡಿಯಾಚೆ, ಕನ್ನಡ ನಾಡಿನ ಒಂದು ವಿಶ್ವವಿದ್ಯಾಲಯದಲ್ಲಿ ಪ್ರಾಚೀನ ಇತಿಹಾಸ ಓದುತ್ತಿದ್ದೆ.

ಪೆಡಿಯೋಸ್ ನದಿಯನ್ನು ನನಗೆ ಕೊಟ್ಟವರು ನನ್ನ ಮಾರ್ಗದರ್ಶಕರು. ಅವರನ್ನು ಇಲ್ಲಿ ಸರ್ ಎಂದೇ ಕರೆಯುತ್ತೇನೆ, ಎದುರಿಗೂ ಹಾಗೇ ಕರೆಯುತ್ತಿದ್ದೆ. ನಮ್ಮ ಗ್ರಂಥಾಲಯದ ಕೆಳಗಿನ ಕಪಾಟಿನಲ್ಲಿ ಯಾರೋ ದಾನ ಕೊಟ್ಟ ದಪ್ಪ ದಪ್ಪ ಉತ್ಖನನ ವರದಿಗಳು ಹಾಗೇ ಬಿದ್ದಿದ್ದವು. ಎಲ್ಲವೂ ಮೆಡಿಟರೇನಿಯನ್ ಸಮುದ್ರದ ದ್ವೀಪಗಳವು.

"ಎಲ್ಲಾರೂ ಬಾದಾಮಿ, ಹಂಪಿ ಅಂತಾರ. ಆ ಗುಡಿಗಳಿಗೂ ಸಾಕಾಗಿ ಹೋಗೇತಿ," ಎಂದರು ಸರ್. "ನೀವು ಒಂದು ಹೊಳಿ ತಗೊಳ್ರಿ. ಹೊಳಿ ದಂಡಿಗೆ ಮಂದಿ ಯಾಕ ಬಂದು ಕುಂತ್ರು, ಯಾಕ ಎದ್ದು ಹೋದ್ರು, ಅಷ್ಟು ಹೇಳ್ರಿ ಸಾಕು."

ಪೆಡಿಯೋಸ್ ಆ ದ್ವೀಪದ ಎಲ್ಲಕ್ಕಿಂತ ಉದ್ದದ ನದಿ. ಟ್ರೂಡೋಸ್ ಎಂಬ ಗುಡ್ಡಗಳಲ್ಲಿ ಹುಟ್ಟಿ, ಈಗಿನ ರಾಜಧಾನಿ ನಿಕೋಸಿಯಾವನ್ನು ಹಾದು, ಮೆಸೋರಿಯಾ ಎಂಬ ಅಗಲವಾದ ಬಯಲಿನುದ್ದಕ್ಕೂ ಪೂರ್ವಕ್ಕೆ ಸಾಗಿ ಸಮುದ್ರ ಸೇರುತ್ತದೆ. ಗುಡ್ಡಗಳ ಬುಡದಲ್ಲಿ ತಾಮ್ರದ ಅದಿರು. ಸಮುದ್ರದ ಕಡೆ, ನದಿಯ ಮುಖದ ಹತ್ತಿರ, ಎಂಕೋಮಿ ಎಂಬ ಪಟ್ಟಣ. ಮೂರು ಸಾವಿರ ವರ್ಷಗಳಿಗೂ ಹಿಂದೆ ತಾಮ್ರ ಕರಗಿಸಿ, ಹಡಗಿಗೆ ಏರಿಸಿ, ಅದರಿಂದಲೇ ಶ್ರೀಮಂತವಾಗಿದ್ದ ಪಟ್ಟಣ ಅದು. ನದಿ ತಂದ ಹೂಳು ಅದರ ಬಂದರನ್ನು ತುಂಬುತ್ತ ಬಂತು. ಜನ ನಿಧಾನವಾಗಿ ಕಡಲಂಚಿಗೆ ಸರಿದು ಸಲಾಮಿಸ್ ಎಂಬ ಹೊಸ ಪಟ್ಟಣ ಕಟ್ಟಿದರು. ಮುಂದೆ ಎಷ್ಟೋ ಶತಮಾನಗಳ ಮೇಲೆ ಅದರ ಬಂದರಿನ ಗತಿಯೂ ಅದೇ ಆಯಿತು. ಒಂದೇ ನದಿ ಊರನ್ನು ಕೂಡಿಸಿತು, ಎಬ್ಬಿಸಿತು, ಮತ್ತೆ ಕೂಡಿಸಿತು. ವಿಷಯ ನನಗೆ ಮೊದಲ ದಿನದಿಂದಲೇ ಹಿಡಿಸಿತು.

ಪ್ರಬಂಧದ ಮೂರನೆಯ ಅಧ್ಯಾಯದಲ್ಲಿ ಒಂದು ಪ್ರಶ್ನೆಗೆ ಉತ್ತರ ಬೇಕಾಗಿತ್ತು: ಗುಡ್ಡದ ಬುಡದ ತಾಮ್ರ ಸಮುದ್ರದವರೆಗೆ ಬಂದದ್ದು ಹೇಗೆ? ನಾನು ಅದನ್ನು ದೋಣಿಯಲ್ಲಿ ತಂದೆ. ಇಪ್ಪತ್ತೆಂಟು ಪುಟಗಳ ಅಧ್ಯಾಯ ಅದು. ನದಿಯುದ್ದಕ್ಕೂ ಚಪ್ಪಟೆ ತಳದ ದೋಣಿಗಳು, ನಡುನಡುವೆ ದೋಣಿ ಹಚ್ಚುವ ಕಟ್ಟೆಗಳು, ಕಟ್ಟೆ ಇದ್ದಲ್ಲೆಲ್ಲ ಒಂದೊಂದು ಹಳ್ಳಿ. ಬಯಲಿನ ಹಳೆಯ ನೆಲೆಗಳೆಲ್ಲ ದೋಣಿ ನಿಲ್ಲುವ ತಾಣಗಳೇ ಎಂದು ವಾದಿಸಿದ್ದೆ. ನಕಾಶೆಯನ್ನೂ ನಾನೇ ಬರೆದೆ. ನದಿಗೆ ನೀಲಿ ಶಾಯಿ ತುಂಬುವಾಗ, ವರದಿಯಲ್ಲಿ ಒಂಟಿ ಗೆರೆಯಾಗಿದ್ದುದನ್ನು ಜೋಡುಗೆರೆ ಮಾಡಿ ನಡುವೆ ಬಣ್ಣ ಹಾಕಿದೆ. ಆ ನಕಾಶೆ ಇನ್ನೂ ನನ್ನ ಹತ್ತಿರ ಇದೆ. ಅದರಲ್ಲಿ ಪೆಡಿಯೋಸ್ ಕೃಷ್ಣೆಗಿಂತ ದೊಡ್ಡದು.

ಹೀಗೇಕೆ ಮಾಡಿದೆ ಎಂಬುದನ್ನು ನಾನು ವಿವರಿಸಬಲ್ಲೆ. ಸಮರ್ಥಿಸಲಾರೆ. ನಮ್ಮ ತಾಲೂಕಿನಲ್ಲಿ ಹುಟ್ಟಿದವರಿಗೆ ನದಿ ಎಂದರೆ ನೀರಿರುವುದು. ನೀರಿಲ್ಲದ್ದಕ್ಕೆ ಬೇರೆ ಹೆಸರಿದೆ, ಅದು ಹಳ್ಳ. ನಮ್ಮೂರ ಹಳ್ಳ ಮುಂದೆ ಎಲ್ಲೋ ಭೀಮೆಗೆ ಸೇರುತ್ತದೆ ಎಂದು ಸಾಲೆಯಲ್ಲಿ ಕಲಿತಿದ್ದೆವು. ಅದು ವರ್ಷದಲ್ಲಿ ಮೂರೋ ನಾಲ್ಕೋ ಸಲ ಕೆಂಪಗೆ ತುಂಬಿ ಬರುತ್ತಿತ್ತು. ಬಂತೆಂದರೆ ಗುರುಗಳೇ ನಮ್ಮನ್ನು ಸಾಲು ಹಚ್ಚಿ ನೋಡಲು ಕರೆದೊಯ್ಯುತ್ತಿದ್ದರು. ಉಳಿದ ದಿನಗಳಲ್ಲಿ ಅದನ್ನು ಯಾರೂ ನೋಡುತ್ತಿರಲಿಲ್ಲ, ಅದರೊಳಗೆ ನಡೆದಾಡುತ್ತಿದ್ದೆವು. ಭೂಗೋಳದ ಪುಸ್ತಕದಲ್ಲಿ ಸಾಂಗ್ಲಿ ಜಿಲ್ಲೆಯ ಪಶ್ಚಿಮಕ್ಕೆ ಕೃಷ್ಣೆಯ ನೀಲಿ, ನಮ್ಮ ಪೂರ್ವದ ಅಂಚಿಗೆ ಬರೀ ಹಳದಿ. ಅಂಥವಳ ಕೈಗೆ ಒಂದು ನದಿ ಸಿಕ್ಕಿತು. ತುಂಬಿಸಿಬಿಟ್ಟೆ.

ಆ ಅಧ್ಯಾಯ ಸರ್ ಅವರಿಗೆ ಬಹಳ ಇಷ್ಟವಾಯಿತು. ಅವರು ಕೃಷ್ಣೆಯ ದಂಡೆಯ ಊರಿನವರು, ದೋಣಿ ಕಂಡವರು. ಫೆಬ್ರುವರಿಯಲ್ಲಿ ನಮ್ಮ ವಿಭಾಗದಲ್ಲಿ ಒಂದು ವಿಚಾರ ಸಂಕಿರಣ ನಡೆದಾಗ, ಬೇರೆ ವಿಶ್ವವಿದ್ಯಾಲಯಗಳಿಂದ ಬಂದ ಪ್ರಾಧ್ಯಾಪಕರ ಮುಂದೆ, ನನ್ನ ದೋಣಿಗಳ ಹತ್ತು ಪುಟಗಳನ್ನು ತಾವೇ ಓದಿದರು. "ಇದು ನನ್ನ ವಿದ್ಯಾರ್ಥಿನಿಯ ಶೋಧ" ಎಂದು ಎರಡು ಸಲ ಹೇಳಿದರು. ಚಪ್ಪಾಳೆ ಬಿತ್ತು. ದಿನಚರಿಯಲ್ಲಿ ಆ ದಿನಕ್ಕೆ ಪೂರ್ತಿ ಒಂದು ಪುಟ ಇದೆ, ಯಾರು ಯಾವ ಸೀರೆ ಉಟ್ಟಿದ್ದರು ಎಂಬುದರ ಸಮೇತ.

ಜೂನ್ ಕೊನೆಯ ದಿನ ನನ್ನ ನೋಂದಣಿ ಮುಗಿಯುವುದಿತ್ತು. ಅಷ್ಟರೊಳಗೆ ಸರ್ ಅವರ ಸಹಿಯೊಂದಿಗೆ ಪ್ರಬಂಧ ಕೊಡದಿದ್ದರೆ ಎರಡು ವರ್ಷದ ಓದು ಅಷ್ಟಕ್ಕೇ ನಿಂತಂತೆ. ತಾಲೂಕಿನ ಒಂದು ಜೂನಿಯರ್ ಕಾಲೇಜಿನಲ್ಲಿ ಇತಿಹಾಸದ ಹುದ್ದೆಯೊಂದು ಖಾಲಿ ಇತ್ತು. ಎಂ.ಫಿಲ್. ಆದರೆ ನಿನ್ನನ್ನೇ ತೆಗೆದುಕೊಳ್ಳುತ್ತೇವೆ ಎಂದು ಕಾಲೇಜಿನವರು ಬಾಯಿಮಾತಿನಲ್ಲಿ ಹೇಳಿದ್ದರು. ಮೇ ತಿಂಗಳಲ್ಲಿ ಊರಿಗೆ ಬಂದಾಗ ಬಾಕಿ ಉಳಿದದ್ದು ಶುದ್ಧಪ್ರತಿ ಮಾಡುವ ಕೆಲಸ ಮಾತ್ರ ಎಂದು ತಿಳಿದಿದ್ದೆ.

ಅಬ್ಬಾ ನಮ್ಮ ಮನೆಯ ಮಾಳಿಗೆಯ ಮೇಲೆಯೇ ಇದ್ದ. ಕೆಳಗೆ ಅಂಗಳದಲ್ಲಿ ಮಣ್ಣು ತಂದಿಳಿಸುತ್ತಿದ್ದವಳು ಕತ್ತೆ ಸಾಕಿದ ಒಬ್ಬ ಮುದುಕಿ. ಊರೆಲ್ಲ ಅವಳನ್ನು ಆಯಿ ಎನ್ನುತ್ತಿತ್ತು. ನಾಲ್ಕು ಕತ್ತೆಗಳ ಬೆನ್ನಿನ ಎರಡೂ ಬದಿಗೆ ಗೋಣಿ ಜೋತುಬಿಟ್ಟು, ಹಳ್ಳದ ಆಚೆಯ ದಿಬ್ಬದಿಂದ ಬಿಳಿ ಮಣ್ಣು ತರುವುದು ಅವಳ ಬೇಸಿಗೆಯ ಕೆಲಸ. ನಾನು ನೆರಳಿನಲ್ಲಿ ಹಾಳೆ ಹರವಿಕೊಂಡು ಕೂತಿದ್ದೆ.

"ಏನವಾ, ಮುಂಜಾನಿಂದ ಬರ್ಯಾಕತ್ತೀ. ಯಾರಿಗಿ ಅಷ್ಟುದ್ದ ಪತ್ರ?" ಎಂದಳು ಆಯಿ.

"ಪತ್ರ ಅಲ್ಲ ಆಯಿ, ಒಂದ್ ಹೊಳಿ ಬಗ್ಗೆ."

"ಯಾವ ಹೊಳಿ? ಕೃಷ್ಣಾನೋ ಭೀಮಾನೋ?"

"ಎರಡೂ ಅಲ್ಲ. ಸಮುದ್ರದ ನಡುವ ಒಂದು ದ್ವೀಪ ಐತಿ. ಅಲ್ಲೀದು."

"ಸುತ್ತೂ ಕಡೆ ಸಮುದ್ರ ಇಟ್ಕೊಂಡು, ನಡುವ ಮತ್ತೊಂದು ಹೊಳಿ ಬೇಕಾಗಿತ್ತೇನ ಅವರಿಗಿ? ಮಂದಿಗಿ ಆಸೆ ಭಾಳ."

ಅಬ್ಬಾ ಮೇಲಿನಿಂದ ನಕ್ಕ. ಮಗಳಾದರೂ ನನ್ನನ್ನು ಅವನು ತಂಗಿ ಎಂದೇ ಕರೆಯುತ್ತಿದ್ದ. "ಓದು ತಂಗೀ, ಕೇಳೂಣು. ಆಯಿನೂ ಕೇಳ್ಲಿ. ಕತ್ತಿಗೂ ತಿಳೀಲಿ," ಎಂದ.

ನಾನು ಜಂಬದಿಂದಲೇ ಓದಿದೆ. ಗುಡ್ಡದ ತಾಮ್ರ, ದೋಣಿ, ಕಟ್ಟೆ, ಕಟ್ಟೆಗೊಂದು ಹಳ್ಳಿ. ಗ್ರಾಂಥಿಕ ಭಾಷೆ ಬಿಟ್ಟು ನಮ್ಮ ಮಾತಿನಲ್ಲಿ ಹೇಳುತ್ತ ಹೋದೆ. ಅಬ್ಬಾ ಮಣ್ಣು ತುಳಿಯುವುದನ್ನು ನಿಲ್ಲಿಸಲಿಲ್ಲ. ಮುಗಿದ ಮೇಲೆ ಕೇಳಿದ:

"ಚಲೋ ಐತಿ. ಅಲ್ಲಿ ಮಳಿ ಯಾವಾಗ?"

"ಚಳಿಗಾಲದಾಗ."

"ಬ್ಯಾಸಗ್ಯಾಗ?"

"ಇಲ್ಲ. ಹನಿ ಸುದ್ದಾ ಬೀಳೂದಿಲ್ಲ."

"ಗುಡ್ಡದಾಗ ದೊಡ್ಡ ಕೆರಿ ಗಿರಿ?"

"ಇಲ್ಲ."

"ಮತ್ತ ನೀರು ಎಲ್ಲಿಂದ ತಂದಿ?"

ಆಯಿ ಗೋಣಿ ಝಾಡಿಸುತ್ತ, "ಪೆನ್ನಿನ್ಯಾಗ ಇದ್ದಷ್ಟೂ ನೀರ ಅಲ್ಲೇನ ಗೌಂಡಿ. ಪುಸ್ತಕಕ್ಕ ಬರ ಬೀಳತೈತೇನ?" ಎಂದಳು.

"ಅದು ಹೊಳಿ ಅಲ್ಲ ತಂಗಿ, ನಮ್ಮ ಹಳ್ಳದ ಅಣ್ಣತಮ್ಮ," ಎಂದ ಅಬ್ಬಾ. "ಅದರಾಗ ದೋಣಿ ಬಿಟ್ರ ಉಸುಕಿನಾಗ ಹುಗೀತಾವ. ಆ ಮಂದಿ ತಾಮ್ರ ತಂದಿದ್ರ ಆಯಿ ಕತ್ತಿ ಮ್ಯಾಲ ತಂದಿರಬೇಕು."

"ನನ್ನ ಕತ್ತಿ ಎಲ್ಲಿಗೂ ಹೋಗಿಲ್ಲಪಾ. ಬೇಕಾದ್ರ ಊರಾಗ ಕೇಳು."

ಇದು ನಾನು ಎಲ್ಲರಿಗೂ ಹೇಳುವ ಕಥೆಯ ಭಾಗ. ಗೌಂಡಿ ಅಪ್ಪ ಒಂದು ಪ್ರಶ್ನೆಯಲ್ಲಿ ಮಗಳ ಪ್ರಬಂಧ ಕೆಡವಿದ ಎಂದರೆ ಕೇಳುವವರು ಖುಷಿಪಡುತ್ತಾರೆ. ಆ ದಿನದ ದಿನಚರಿ ಇಷ್ಟೇ ಹೇಳುತ್ತದೆ: "ಮನೆ ಮಾಳಿಗೆ ಆಯಿತು. ಅಬ್ಬಾ ಮಳೆಯ ಬಗ್ಗೆ ಕೇಳಿದ. ದೋಣಿ ತಪ್ಪೇನೋ." ಉಳಿದ ಮಾತುಗಳು ಅವರು ಆಡುವಂಥವೇ. ಅಂದು ಅದೇ ಸಾಲಿನಲ್ಲಿ ಆಡಿದರು ಎಂದು ಆಣೆ ಮಾಡಲಾರೆ. ಆದರೆ "ನೀರು ಎಲ್ಲಿಂದ ತಂದಿ" ಎಂಬುದು ಮಾತ್ರ ಅವನದೇ. ಅದನ್ನು ಕೇಳಿ ನಾನು ಪೆನ್ನಿನ ಟೋಪಿ ಮುಚ್ಚಿದ್ದು ಈಗಲೂ ನೆನಪಿದೆ.

ಮರುದಿನ ಬೇರೆ ಮನೆಯ ಮಾಳಿಗೆಗೆ ಮಣ್ಣು ತರಲು ಹೊರಟ ಅಬ್ಬಾ ಮತ್ತು ಆಯಿಯ ಜೊತೆ ನಾನೂ ಹೋದೆ. ದಾರಿ ಬೇರೆ ಎಲ್ಲೂ ಇಲ್ಲ, ಒಣ ಹಳ್ಳವೇ ದಾರಿ. ಎರಡೂ ಬದಿಗೆ ಜಾಲಿ, ನಡುವೆ ಗಟ್ಟಿಯಾದ ಉಸುಕು, ಅದರ ಮೇಲೆ ಬಂಡಿಯ ಗಾಲಿಗಳ ಗುರುತು. ಮೇಲಿನ ಹೊಲಗಳಲ್ಲಿ ಕಲ್ಲು, ಬದು, ಮುಳ್ಳುಬೇಲಿ. ಹಳ್ಳದೊಳಗೆ ಏರಿಲ್ಲ, ಇಳಿಯಿಲ್ಲ, ದಾರಿ ತಪ್ಪುವ ಮಾತೂ ಇಲ್ಲ. ಹುಟ್ಟಿದಾಗಿನಿಂದ ನಡೆದ ದಾರಿ ಅದು. ದಾರಿ ಎಂದು ಅವತ್ತೇ ನೋಡಿದ್ದು. ಒಂದು ತಿರುವಿನಲ್ಲಿ ಆಯಿ ನಿಂತು, ಮೊಣಕೈ ಆಳಕ್ಕೆ ಉಸುಕು ತೋಡಿದಳು. ನಾವು ಒಂದು ಎಲೆ ಅಡಿಕೆ ಜಗಿಯುವಷ್ಟರಲ್ಲಿ ಕುಣಿಯಲ್ಲಿ ನೀರು ಒಸರಿತು. ಇದಕ್ಕೆ ನಮ್ಮಲ್ಲಿ ವರತಿ ಎನ್ನುತ್ತಾರೆ. ಮೊದಲು ಕತ್ತೆಗಳು ಕುಡಿದವು, ಅದು ಅವಳ ಕ್ರಮ. ಆಮೇಲೆ ಪಕ್ಕದಲ್ಲಿ ನಮಗೊಂದು ಬೇರೆ ತೋಡಿದಳು.

ಮಣ್ಣಿನ ದಿಬ್ಬ ಅದೇ ತಿರುವಿನ ಮೇಲಿನ ದಂಡೆಯಲ್ಲಿತ್ತು. ಎಂದೋ ಹಾಳಾದ ಊರು ಅದು. ಅದರ ಬೂದಿ, ಸಗಣಿ, ಗೋಡೆಯ ಮಣ್ಣು ಎಲ್ಲ ಕೂಡಿ ಬಿಳಿ ಮಣ್ಣಾಗಿದೆ. ಗುದ್ದಲಿ ಹಾಕಿದಲ್ಲೆಲ್ಲ ಗಡಿಗೆಯ ಚೂರು. ಅಬ್ಬಾ ಒಂದು ಚಿಟಿಕೆ ಬಾಯಿಗೆ ಹಾಕಿಕೊಂಡು, ಉಪ್ಪು ಉಪ್ಪಾಗಿದ್ದರೆ ಚಲೋ ಮಣ್ಣು, ನೀರು ಬಿಡುವುದಿಲ್ಲ ಎಂದು ಉಗಿದ. ಆಮೇಲೆ ನನ್ನನ್ನು ಕೇಳಿದ:

"ಇಲ್ಲೇ ಯಾಕ ಕುಂತಿದ್ರು ಹೇಳು ಇವರು?"

"ನೀನ ಹೇಳು."

"ಹಳ್ಳ ತುಂಬಿ ಬರೂದು ವರ್ಷಕ್ಕ ನಾಕ ದಿನ. ಆ ನಾಕ ದಿನಕ್ಕಂತ ಮ್ಯಾಲ ಕುಂತಾರ. ಉಳಿದ ದಿನಕ್ಕಂತ ಹತ್ರ ಕುಂತಾರ."

ಈ ಮಾತಿನ ಬಗ್ಗೆ ಒಂದು ತಕರಾರಿದೆ, ಈಗಲೇ ಹೇಳಿಬಿಡುತ್ತೇನೆ. ದೋಣಿಗಳ ಬದಲಿಗೆ ನಾನು ಮುಂದೆ ಬರೆದ ಹೊಸ ಅಧ್ಯಾಯ ನಿಂತಿರುವುದು ಇದರ ಮೇಲೆಯೇ. ಎಷ್ಟೋ ವರ್ಷಗಳ ನಂತರ, ನಮ್ಮ ಮನೆಗೂ ಸ್ಲ್ಯಾಬ್ ಹಾಕಿಸಿ ಮಣ್ಣಿನ ಕೆಲಸ ನಿಂತ ಮೇಲೆ, ಅಬ್ಬಾನಿಗೆ ಇದನ್ನು ನೆನಪಿಸಿದೆ. ಅವನು ಒಪ್ಪಲೇ ಇಲ್ಲ. "ನಾ ಹಂಗ ಅಂದೇ ಇಲ್ಲ. ಅಷ್ಟು ಶ್ಯಾಣ್ಯಾ ಇದ್ರ ಮಂದಿ ಮಾಳಗಿ ತುಳೀತಿದ್ನೇನ? ಆಯಿ ಅಂದಿರಬೇಕು," ಎಂದ. ಆಯಿಯನ್ನು ಕೇಳಿದರೆ, "ಹೂಂ ನಾನ ಅಂದೀನಿ. ಮತ್ಯಾರ್ ಅಂತಾರ ಇಂಥಾ ಮಾತು?" ಎಂದಳು. ಆದರೆ ಅವಳು ಊರಲ್ಲಿ ಯಾರು ಆಡಿದ ಜಾಣಮಾತನ್ನಾದರೂ ತನ್ನದೆನ್ನುವವಳು. ದಿನಚರಿ ಇಲ್ಲಿ ಸಹಾಯಕ್ಕೆ ಬರುವುದಿಲ್ಲ. "ಬಿಸಿಲು. ಮಣ್ಣು ನಾಲ್ಕು ಹೇರು. ದಿಬ್ಬ ಎತ್ತರ, ವರತಿ ಹತ್ತಿರ" ಎಂದಷ್ಟೇ ಇದೆ. ಇಬ್ಬರೂ ಹೇಳದೆ ನಾನೇ ಕಟ್ಟಿದ ಮಾತೂ ಆಗಿರಬಹುದು. ಯಾರ ಮಾತೋ ಗೊತ್ತಿಲ್ಲ, ಆದರೆ ಮಾತು ನಿಜ. ದಿಬ್ಬ ಅಲ್ಲೇ ಇದೆ, ಹೋಗಿ ನೋಡಬಹುದು.

ಆ ವಾರ ನಾನು ಟ್ರಂಕಿನಿಂದ ಟಿಪ್ಪಣಿಯ ನೋಟುಬುಕ್ಕುಗಳನ್ನೆಲ್ಲ ಹೊರಗೆ ತೆಗೆದೆ. ನದಿ ಬೇಸಿಗೆಯಲ್ಲಿ ಒಣಗುತ್ತದೆ ಎಂದು ಹೇಳುವ ಒಂದು ವರದಿಯಾದರೂ ಬೇಕಾಗಿತ್ತು. ಅಬ್ಬಾನ ಮಾತನ್ನು ಅಡಿಟಿಪ್ಪಣಿಯಲ್ಲಿ ಹಾಕಿದರೆ ಸರ್ ಒಪ್ಪುವವರಲ್ಲ. ಹುಡುಕಬೇಕಾಗಲಿಲ್ಲ. ಎರಡನೆಯ ನೋಟುಬುಕ್ಕಿನಲ್ಲೇ ಇತ್ತು. ವರದಿಯ ಹೆಸರು, ಪುಟ, ಕೆಳಗೆ ನನ್ನದೇ ಅಕ್ಷರದಲ್ಲಿ: "ಬೇಸಿಗೆಯಲ್ಲಿ ನದಿಯ ಪಾತ್ರ ಪೂರ್ತಿ ಒಣಗುತ್ತದೆ. ಚಳಿಗಾಲದ ಮಳೆಗೆ ಮಾತ್ರ ಪ್ರವಾಹ." ಕೆಳಗೆ ಎರಡು ಗೆರೆ ಎಳೆದಿದ್ದೆ. ತಾರೀಖು ಹಿಂದಿನ ದಸರೆಗಿಂತಲೂ ಮೊದಲಿನದು. ದೋಣಿಗಳ ಅಧ್ಯಾಯ ಬರೆದದ್ದು ಜನವರಿಯಲ್ಲಿ.

ನನಗೆ ಗೊತ್ತಿತ್ತು. ಓದಿದ್ದೆ, ಮುಖ್ಯ ಎಂದು ಗೆರೆಯನ್ನೂ ಎಳೆದಿದ್ದೆ, ಆಮೇಲೆ ನಾಲ್ಕು ತಿಂಗಳಲ್ಲಿ ಆ ವಾಕ್ಯ ನನ್ನ ತಲೆಯಿಂದ ಹೋಗಿತ್ತು. ಮರೆತೆನೋ, ಮರೆಯಲು ಬಿಟ್ಟೆನೋ ಎಂಬುದನ್ನು ಇಷ್ಟು ವರ್ಷವಾದರೂ ತೀರ್ಮಾನಿಸಲು ಆಗಿಲ್ಲ. ನೆನಪಿನ ಬಗ್ಗೆ ನನ್ನ ಅಪನಂಬಿಕೆ ಶುರುವಾದದ್ದು ಆ ನೋಟುಬುಕ್ಕಿನಿಂದ.

ಜೂನ್ ಮೊದಲ ವಾರ ಸರ್ ಅವರ ಕೋಣೆಗೆ ಹೋದೆ.

"ಸರ್, ಮೂರನೇ ಅಧ್ಯಾಯ ತೆಗೀಬೇಕಾಗೇತ್ರಿ."

"ತೆಗೀಬೇಕಂದ್ರ?"

"ಆ ನದಿಯೊಳಗ ದೋಣಿ ಹೋಗೂದು ಶಕ್ಯ ಇಲ್ರಿ. ಬ್ಯಾಸಗ್ಯಾಗ ಒಣಗತೈತಿ."

ಅವರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ಆ ಅಧ್ಯಾಯ ನಾನು ಎಷ್ಟು ಮಂದಿ ಮುಂದ ಓದೀನಿ ಗೊತ್ತದನ್ರಿ? ಯಾರು ಹೇಳಿದ್ರು ನಿಮಗ ಇದನ್ನ?"

"ನಮ್ಮ ಅಬ್ಬಾ."

"ಅವರು ಏನ್ ಮಾಡ್ತಾರ?"

"ಗೌಂಡಿ ಕೆಲಸ ಸರ್."

"ಹಂಗಾದ್ರ ಸಹಿನೂ ಅವರ ಕಡೇನ ಮಾಡಿಸ್ಕೊಂಡ್ ಬರ್ರಿ."

ನಾನು ನಿಂತೇ ಇದ್ದೆ. ಹೊರಗೆ ಹೋದರೆ ಮತ್ತೆ ಒಳಗೆ ಬರುವ ಧೈರ್ಯ ಆಗಲಾರದು ಎಂದು ಗೊತ್ತಿತ್ತು. ಆಗ ಸುಳ್ಳು ಹೇಳಿದೆ. "ಹೊಸ ಆಧಾರ ಸಿಕ್ಕೇತ್ರಿ ಸರ್. ವರದಿಯೊಳಗನ ಐತಿ. ಮೊನ್ನೆ ಸಿಕ್ತು," ಎಂದೆ. ಪುಟದ ಸಂಖ್ಯೆ ಕೊಟ್ಟೆ. ನೋಟುಬುಕ್ಕು ಚೀಲದಲ್ಲೇ ಇತ್ತು, ಹೊರಗೆ ತೆಗೆಯಲಿಲ್ಲ.

ಅವರ ಮುಖ ಸಡಿಲವಾಯಿತು. ಹೊಸ ಆಧಾರ ಎಂದಾಗ ಯಾರ ತಪ್ಪೂ ಇರುವುದಿಲ್ಲ. ಫೆಬ್ರುವರಿಯಲ್ಲಿ ಓದಿದ್ದು ಫೆಬ್ರುವರಿಯ ಮಟ್ಟಿಗೆ ಸರಿಯಾಗಿಯೇ ಉಳಿಯುತ್ತದೆ. "ಹೊಸದು ಅಂದ್ರ ಬ್ಯಾರೆ ಮಾತು," ಎಂದರು. "ಇಪ್ಪತ್ತು ದಿನ ಅದಾವ. ಹೊಸ ಅಧ್ಯಾಯ ತರ್ರಿ. ಓದಿ ನೋಡ್ತೀನಿ. ಒಪ್ಪಿಗಿ ಆದ್ರ ಸಹಿ, ಇಲ್ಲಂದ್ರ ಇಲ್ಲ."

ಇಪ್ಪತ್ತು ದಿನದಲ್ಲಿ ನಾನು ಬರೆದದ್ದು ನನ್ನ ಜೀವನದ ಅತ್ಯಂತ ಗಟ್ಟಿಯಾದ ಬರವಣಿಗೆ. ಇದನ್ನು ಸಂಕೋಚವಿಲ್ಲದೆ ಹೇಳುತ್ತೇನೆ. ನದಿ ಎಂದರೆ ನೀರು ಎಂಬುದನ್ನು ಬಿಟ್ಟು, ನದಿ ಎಂದರೆ ಅದರ ಪಾತ್ರ ಎಂದು ಹಿಡಿದುಕೊಂಡೆ. ಮೆಸೋರಿಯಾ ಬಯಲಿನಲ್ಲಿ ಗುಡ್ಡದಿಂದ ಸಮುದ್ರದವರೆಗೆ ಏರಿಳಿತವಿಲ್ಲದ ಒಂದು ಹಾದಿ ಬೇಕೆಂದರೆ ಆ ಒಣ ಪಾತ್ರವೇ ಇದೆ. ಕತ್ತೆಗಳು ಆ ದ್ವೀಪದಲ್ಲಿ ಆಗಲೇ ಇದ್ದವು, ಅದಕ್ಕೆ ಮೂಳೆಗಳ ಸಾಕ್ಷಿ ಇದೆ. ತಾಮ್ರ ಕತ್ತೆಯ ಬೆನ್ನಿನ ಮೇಲೆ, ಬೇಸಿಗೆಯಲ್ಲಿ, ನದಿ ಇಲ್ಲದಾಗ ನದಿಯೊಳಗಿನಿಂದಲೇ ಬಂದಿರುವುದು ಸಾಧ್ಯ. ದಾರಿಯುದ್ದಕ್ಕೂ ಹಳ್ಳಿಗಳು ಬೇಕಾದದ್ದು ದೋಣಿ ನಿಲ್ಲಿಸಲಿಕ್ಕಲ್ಲ, ಉಸುಕಿನ ಕೆಳಗೆ ನೀರು ಸಿಗುವ ತಿರುವುಗಳಲ್ಲಿ ಜನಕ್ಕೂ ಪ್ರಾಣಿಗಳಿಗೂ ಕುಡಿಸಲಿಕ್ಕೆ. ಚಳಿಗಾಲದಲ್ಲಿ ಅದೇ ನದಿ ಉಕ್ಕಿ ಬಂದು ಹೊಲಗಳಿಗೆ ಹೊಸ ಮಣ್ಣು ಹಾಸುತ್ತಿತ್ತು. ಅದೇ ಮಣ್ಣು ಮುಂದೆ ಹೋಗಿ ಎಂಕೋಮಿಯ ಬಂದರನ್ನು ತುಂಬಿತು. ಊರಿಗೆ ಅನ್ನ ಕೊಟ್ಟದ್ದೂ ಊರನ್ನು ಎಬ್ಬಿಸಿದ್ದೂ ಒಂದೇ ಹೂಳು. "ಇರಬಹುದು", "ಸಾಧ್ಯ" ಎಂಬ ಪದಗಳನ್ನು ಎಲ್ಲಿ ಹಾಕಬೇಕೋ ಅಲ್ಲೆಲ್ಲ ಹಾಕಿದೆ. ದೋಣಿಗಳ ಅಧ್ಯಾಯದಲ್ಲಿ ಆ ಪದಗಳು ಒಂದು ಸಲವೂ ಬಂದಿರಲಿಲ್ಲ.

ಸರ್ ಅದನ್ನು ನನ್ನೆದುರೇ ಓದಿದರು. ಮಧ್ಯೆ ಒಮ್ಮೆ ಚಹಾ ತರಿಸಿದರು, ನನಗೂ. ಕೊನೆಗೆ, "ಈ ಕತ್ತಿಗಳು ಭಾಳ ಚಲೋ ನಡದಾವ್ರಿ," ಎಂದು ಸಹಿ ಮಾಡಿದರು. ಜೂನ್ ಇಪ್ಪತ್ತೆಂಟಕ್ಕೆ ಪ್ರಬಂಧ ಕೊಟ್ಟೆ.

ಮೌಖಿಕ ಪರೀಕ್ಷೆ ನಡೆದದ್ದು ಅಕ್ಟೋಬರಿನಲ್ಲಿ. ಬೇರೆ ವಿಶ್ವವಿದ್ಯಾಲಯದಿಂದ ಪರೀಕ್ಷಕರಾಗಿ ಬಂದವರು ವಯಸ್ಸಾದ ಒಬ್ಬ ಪ್ರಾಧ್ಯಾಪಕಿ. ಒಳಗೆ ಹೋಗುತ್ತಲೇ ಗುರುತು ಹಿಡಿದೆ. ಫೆಬ್ರುವರಿಯ ಸಂಕಿರಣದಲ್ಲಿ ಅವರು ಎರಡನೆಯ ಸಾಲಿನಲ್ಲಿ ಕೂತಿದ್ದರು, ದೋಣಿಗಳಿಗೆ ಚಪ್ಪಾಳೆ ತಟ್ಟಿದ್ದರು. ಸರ್ ನನ್ನ ಎಡಕ್ಕೆ ಕೂತರು. ಒಂದು ಗಂಟೆ ಪ್ರಶ್ನೆಗಳು ಸಲೀಸಾಗಿ ನಡೆದವು. ಆಮೇಲೆ ಅವರು ಮೂರನೆಯ ಅಧ್ಯಾಯ ತೆರೆದರು.

"ಫೆಬ್ರುವರಿಯಲ್ಲಿ ಈ ನದಿಯಲ್ಲಿ ದೋಣಿಗಳಿದ್ದವು," ಎಂದರು. "ಈಗ ಕತ್ತೆಗಳಿವೆ. ಬದಲಾವಣೆ ನನಗೆ ಒಪ್ಪಿಗೆ. ಆದರೆ ಈ ವರದಿ ನಿಮ್ಮ ಮೊದಲ ಅಧ್ಯಾಯದಲ್ಲೂ ಉಲ್ಲೇಖವಾಗಿದೆ, ಅಂದರೆ ಬಹಳ ಮೊದಲೇ ಓದಿದ್ದೀರಿ. ನದಿ ಒಣಗುತ್ತದೆ ಅಂತ ನಿಮಗೆ ಗೊತ್ತಾದದ್ದು ಯಾವಾಗ?"

ಸರ್ ನನ್ನ ಪರವಾಗಿ ಬಾಯಿ ತೆರೆದದ್ದು ಕಾಣಿಸಿತು. "ಹೊಸ ಆಧಾರ" ಎನ್ನುವವರಿದ್ದರು. ನಾನು ಕೊಟ್ಟ ಸುಳ್ಳನ್ನು ಅವರು ನಂಬಿ, ಪರೀಕ್ಷಕರ ಮುಂದೆ ತಮ್ಮ ಮಾತಾಗಿ ಹೇಳುವವರಿದ್ದರು. ಅದಕ್ಕೆ ಮೊದಲೇ ನಾನು ಮಾತಾಡಿದೆ.

"ಮೊದಲೇ ಗೊತ್ತಿತ್ತು ಮೇಡಮ್. ದಸರೆಗೂ ಮೊದಲೇ ಓದಿ, ಗೆರೆ ಎಳೆದು ಬರೆದಿಟ್ಟುಕೊಂಡಿದ್ದೆ. ಆದರೂ ಜನವರಿಯಲ್ಲಿ ದೋಣಿ ಬರೆದೆ. ಹೊಸ ಆಧಾರ ಅಂತ ಸರ್‌ಗೆ ಹೇಳಿದ್ದು ಸುಳ್ಳು."

"ಯಾಕೆ ಹಾಗೆ ಮಾಡಿದಿರಿ?"

"ನಮ್ಮ ಕಡೆ ನದಿ ಇಲ್ಲ ಮೇಡಮ್."

ಅವರು ಪೆನ್ನನ್ನು ಕೆಳಗಿಟ್ಟರು. ಆ ಹೊತ್ತಿನಲ್ಲಿ ಪದವಿ ಹೋಯಿತು, ಕಾಲೇಜಿನ ಕೆಲಸ ಹೋಯಿತು ಎಂದುಕೊಂಡೆ. ವಿಚಿತ್ರವೆಂದರೆ ಭಯ ಆಗಲಿಲ್ಲ. ನಂತರ ಅವರು ಸರ್ ಕಡೆ ತಿರುಗಿದರು. "ನಿಮಗೆ ಇದು ಈಗಲೇ ಗೊತ್ತಾಗುತ್ತಿದೆಯೇ?"

ಸರ್ ಮೇಜಿನ ಮೇಲಿನ ಪ್ರಬಂಧವನ್ನು ತಮ್ಮ ಕಡೆ ಸರಿಸಿಕೊಂಡರು. "ಇಲ್ಲ ಮೇಡಮ್," ಎಂದರು. "ಆ ಪುಟ ನಾನೂ ಓದಿದ್ದೆ, ಈಕೀಗಿಂತ ಮೊದಲ. ದೋಣಿ ಓದಿ ಖುಷಿಪಟ್ಟು ಸುಮ್ಮನಾದೆ. ತಪ್ಪು ಅಂತ ಹಿಡದ್ರ ಇಬ್ಬರದೂ ಹಿಡೀರಿ."

ಪರೀಕ್ಷಕರು ನಗಲಿಲ್ಲ, ಬೈಯಲೂ ಇಲ್ಲ. "ಅಧ್ಯಾಯದ ಮೊದಲು ಒಂದು ಪುಟ ಸೇರಿಸಿ," ಎಂದರು ನನಗೆ. "ಏನು ಗೊತ್ತಿತ್ತು, ಏನು ಬರೆದಿದ್ದಿರಿ, ಎರಡನ್ನೂ ಬರೆಯಿರಿ. ಮುಂದೆ ಓದುವವರಿಗೆ ಅದು ಬೇಕಾಗುತ್ತದೆ." ಹಾಗೆಂದು ಸಹಿ ಮಾಡಿದರು.

ಈ ಮಾತುಕತೆಯ ಬಗ್ಗೆ ನನಗೆ ಸಂಶಯವಿಲ್ಲ. ಆ ಸಂಜೆ ಬಸ್ಸಿಗಾಗಿ ಕಾಯುತ್ತ ಒಂದಕ್ಷರ ಬಿಡದೆ ಬರೆದಿಟ್ಟಿದ್ದೇನೆ, ಶಾಯಿ ಈಗಲೂ ಕಪ್ಪಗಿದೆ. ಕಾಲೇಜಿನ ಕೆಲಸವೂ ಸಿಕ್ಕಿತು. ಅಲ್ಲಿ ಪಾಠ ಮಾಡಿದ ವರ್ಷಗಳಲ್ಲಿ, ಇತಿಹಾಸದ ಮೊದಲ ತರಗತಿಗೆ ನಾನು ಆ ಸೇರಿಸಿದ ಪುಟವನ್ನೇ ಓದಿ ತೋರಿಸುತ್ತಿದ್ದೆ.

ಪದವಿಯ ಪ್ರಮಾಣಪತ್ರ ತರಲು ಮತ್ತೆ ವಿಶ್ವವಿದ್ಯಾಲಯಕ್ಕೆ ಹೋದ ದಿನ, ಗ್ರಂಥಾಲಯದ ಕೆಳಗಿನ ಕಪಾಟಿನಿಂದ, ನದಿ ಒಣಗುತ್ತದೆ ಎಂದಿದ್ದ ಆ ವರದಿಯನ್ನು ತೆಗೆದೆ. ಹಿಂದಿನ ರಟ್ಟಿನ ಚೀಲದಲ್ಲಿ ಅದನ್ನು ಒಯ್ದವರೆಲ್ಲ ಸಹಿ ಮಾಡುವ ಕಾರ್ಡು ಇರುತ್ತದೆ. ಕಾರ್ಡಿನಲ್ಲಿ ಇದ್ದದ್ದು ಒಂದೇ ಸಹಿ, ನನ್ನದು. ಪುಸ್ತಕದ ನಡುವಿನ ಎಷ್ಟೋ ಹಾಳೆಗಳು ಇನ್ನೂ ಕತ್ತರಿಸದೆ ಒಂದಕ್ಕೊಂದು ಅಂಟಿಕೊಂಡಿದ್ದವು. ನಾನು ಓದುವಾಗ ಬ್ಲೇಡಿನಿಂದ ಬಿಡಿಸಿದ್ದ ಹಾಳೆಗಳಲ್ಲಿ ಆ ಪುಟವೂ ಒಂದು. ನನಗಿಂತ ಮೊದಲು ಅದನ್ನು ಯಾರೂ ತೆರೆದಿರಲಿಲ್ಲ.

ಸರ್ ಅವರ ಕೋಣೆ ಮೇಲಿನ ಮಹಡಿಯಲ್ಲೇ ಇತ್ತು, ಬಾಗಿಲು ತೆರೆದಿತ್ತು. ಹೋಗಿ ಅವರಿಗೆ ನಮಸ್ಕಾರ ಹೇಳಿ, ಪ್ರಮಾಣಪತ್ರ ತೋರಿಸಿ, ಚಹಾ ಕುಡಿದು ಬಂದೆ. ಕಾರ್ಡಿನ ವಿಷಯ ಎತ್ತಲಿಲ್ಲ.